ಕಲ್ಲುಮನೆಗಳನ್ನು ಕಟ್ಟಿದವರು ಯಾರು?

ಕೃಷ್ಣಗಿರಿ ಸೀಮೆಯ ಗುಡ್ಡಗಳಲ್ಲಿ ಓಡಾಡಿದವರು, ಚಪ್ಪಡಿಗಳನ್ನು ನಿಲ್ಲಿಸಿ ಮೇಲೊಂದು ಬಂಡೆ ಹೊದಿಸಿದ ಪುಟ್ಟ ಕಲ್ಲುಮನೆಗಳನ್ನು ಕಂಡಿರುತ್ತಾರೆ. ಮಲ್ಲಚಂದ್ರದ ಬೆಟ್ಟದಲ್ಲಿ ಇವು ಗುಂಪಾಗಿಯೇ ಇವೆ. ಇಂಥವುಗಳನ್ನು ಹಿರಿಯರು ಪಾಂಡವರ ಮನೆಗಳೆಂದು ಕರೆದರು. ಕೊಪ್ಪಳ ಜಿಲ್ಲೆಯ ಹಿರೇಬೆಣಕಲ್ಲಿನವರು ಮೋರ್ಯರೆಂಬ ಕುಳ್ಳರು ಕಟ್ಟಿದರೆಂದು ನಂಬಿದರು. ಇಂದು ಮಕ್ಕಳ ಕೈಯ ಮೊಬೈಲು, ಪ್ರಾಚೀನವಾದುದನ್ನೆಲ್ಲ ಅನ್ಯಗ್ರಹವಾಸಿಗಳು ಕಟ್ಟಿದರೆಂದು ಸಾರುತ್ತಿದೆ.

ಈ ಎರಡು ಬಗೆಯ ನಂಬಿಕೆಗಳು ಒಂದೇ ಅಲ್ಲ. ಹಿರಿಯರ ಕಥೆ ಅಪರಿಚಿತ ಕಲ್ಲನ್ನು ಪರಿಚಿತ ಪುರಾಣದೊಡನೆ ಬೆಸೆಯಿತು. 1968ರಲ್ಲಿ ಎರಿಕ್ ಫಾನ್ ಡೆನಿಕನ್ನರ ಪುಸ್ತಕದಿಂದ ಜನಪ್ರಿಯವಾದ ಹೊಸ ಕಥೆಯಾದರೋ, ಪ್ರಾಚೀನರಿಗೆ ಇಷ್ಟು ಸಾಮರ್ಥ್ಯವಿರಲಿಲ್ಲ ಎಂಬ ತಾತ್ಸಾರದ ಮೇಲೆ ನಿಂತಿದೆ.

ಇಂಥ ಮಾತುಗಳು ಹುಟ್ಟಲು ಕಾರಣಗಳುಂಟು. ಕಲ್ಲುಮನೆ ಕಟ್ಟಿದವರು ತಮ್ಮ ಹೆಸರನ್ನು ಬರೆದಿಡಲಿಲ್ಲ. ಆ ಮೌನದಲ್ಲಿ ಯಾರು ಏನನ್ನಾದರೂ ತುಂಬಬಹುದು. ಯಂತ್ರಗಳಿಗೆ ಒಗ್ಗಿಹೋದ ನಮಗೆ ತಲೆಮಾರುಗಳ ತಾಳ್ಮೆಯೂ ಕೈಕೆಲಸವೂ ಊಹೆಗೆ ನಿಲುಕುವುದಿಲ್ಲ. ಮೇಲಾಗಿ, ಎಲ್ಲರೂ ಅರಿಯದ ಗುಟ್ಟು ತನಗೆ ತಿಳಿದಿದೆಯೆಂಬ ಭಾವನೆ ಯಾರಿಗಾದರೂ ಹಿತವೇ.

ಆದರೆ ಬರೆಹವಿದ್ದ ಕಡೆಯೂ ಈ ಮಾತು ನಿಂತಿಲ್ಲ. ಎಲ್ಲೋರದ ಕೈಲಾಸ ದೇಗುಲವು 8ನೆಯ ಶತಮಾನದ ರಾಷ್ಟ್ರಕೂಟ ದೊರೆ ಒಂದನೆಯ ಕೃಷ್ಣನ ಕಾಲದ್ದು. ಕಟ್ಟಿದ ಶಿಲ್ಪಿಯೇ ತನ್ನ ಕೆಲಸಕ್ಕೆ ಬೆರಗಾದನೆಂದು ಅವನ ವಂಶದ ತಾಮ್ರಶಾಸನ ವರ್ಣಿಸಿದೆ. ಈಜಿಪ್ಟಿನಲ್ಲಿ 2013ರಲ್ಲಿ ದೊರೆತ ಪಪೈರಸ್ ಹಾಳೆಗಳಲ್ಲಿ, ಖುಫುವಿನ ಪಿರಮಿಡ್ಡಿಗಾಗಿ ದೋಣಿಯಲ್ಲಿ ಸುಣ್ಣಕಲ್ಲು ಸಾಗಿಸಿದ ತಂಡದ ದಿನಚರಿಯೇ ಇದೆ. ಬೆರಗು ತಪ್ಪಲ್ಲ, ಬೆರಗಿನ ನೆಪದಲ್ಲಿ ದುಡಿದವರನ್ನು ಅಳಿಸುವುದು ತಪ್ಪು.

ಬರೆಹವಿಲ್ಲದ ಕಡೆ ಮಣ್ಣೇ ಸಾಕ್ಷಿ. 1947ರಲ್ಲಿ ಮಾರ್ಟಿಮರ್ ವೀಲರ್ ಚಿತ್ರದುರ್ಗ ಜಿಲ್ಲೆಯ ಬ್ರಹ್ಮಗಿರಿಯಲ್ಲಿ ಅಗೆದಾಗ ಇಂಥ ಶಿಲಾರಚನೆಗಳಲ್ಲಿ ಮನುಷ್ಯರ ಎಲುಬು, ಮಡಕೆ, ಕಬ್ಬಿಣದ ಸಾಮಾನುಗಳು ದೊರೆತವು. ಅವು ಸಮಾಧಿಗಳು. ನಮ್ಮದೇ ಜಿಲ್ಲೆಯ ಮಯಿಲಾಡುಂಪಾರೆಯಲ್ಲಿ ದೊರೆತ ಕಬ್ಬಿಣದ ಕಾಲವು ಕ್ರಿ.ಪೂ. 2172ರವರೆಗೆ ಹೋಗುತ್ತದೆಂದು ತಮಿಳುನಾಡು ಸರ್ಕಾರವು 2022ರಲ್ಲಿ ಪ್ರಕಟಿಸಿತು. ಈ ನೆಲದವರಿಗೆ ಕುಲುಮೆಯ ವಿದ್ಯೆಯನ್ನು ಆಕಾಶದಿಂದ ಯಾರೂ ಇಳಿದು ಬಂದು ಕಲಿಸಬೇಕಾಗಿರಲಿಲ್ಲ.

ಇದು ಬರಿಯ ವಾದದ ಮಾತಲ್ಲ. ಕಲ್ಲುಮನೆಯೊಳಗೆ ನಿಧಿಯಿದೆ, ಅದಕ್ಕೆ ಮಂತ್ರದ ಕಾವಲಿದೆ ಎಂಬ ನಂಬಿಕೆಯಿಂದ ಎಷ್ಟೋ ಸಮಾಧಿಗಳು ಅಗೆದು ಹಾಳಾಗಿವೆ. ಅಗೆದವರಿಗೆ ಸಿಗುವುದು ಬೋಕಿ, ಬೂದಿ, ಮೂಳೆ. ಇತಿಹಾಸಕಾರನಿಗೆ ನಿಜವಾದ ನಿಧಿ ಅದೇ. ಸ್ಥಾನ ಕದಲಿದರೆ ಅದು ಮತ್ತೆಂದೂ ಮಾತನಾಡುವುದಿಲ್ಲ.

ಶತಮಾನವನ್ನು ಕಂಡ ಶಾಲೆಯಾಗಿ ನಾವು ಮಕ್ಕಳಿಗೆ ಪಾಂಡವರ ಕಥೆಯನ್ನೂ ಹೇಳೋಣ. ಕಥೆಯು ಕಥೆಯಾಗಿ ಬಾಳಲಿ. ಅದರ ಜೊತೆಗೆ “ಇದಕ್ಕೆ ಆಧಾರವೇನು?” ಎಂದು ಕೇಳುವುದನ್ನೂ ಕಲಿಸೋಣ. ಪೋಷಕರಲ್ಲಿಯೂ ಹಳೆಯ ವಿದ್ಯಾರ್ಥಿಗಳಲ್ಲಿಯೂ ನಮ್ಮದೊಂದು ಬಿನ್ನಹ: ನಿಮ್ಮ ಹೊಲದ ಅಂಚಿನಲ್ಲಿ ಇಂಥ ಕಲ್ಲುಗಳಿದ್ದರೆ ಅವನ್ನು ಕದಲಿಸದೆ ಉಳಿಸಿರಿ.