ಕೋಲಾರ ಚಿನ್ನದ ಗಣಿ ಪ್ರದೇಶ: ಸೈನಿಕ ಹಿನ್ನೆಲೆಯ ಇತಿಹಾಸ

ಕರ್ನಾಟಕದ ಪೂರ್ವ ಗಡಿಯಲ್ಲಿ ಬಂಗಾರಪೇಟೆ, ಕೋರಮಂಡಲ್, ಚಾಂಪಿಯನ್, ಊರಿಗಾಂ, ಮಾರಿಕುಪ್ಪಂಗಳ ಸಾಲಿನಲ್ಲಿ ಹಬ್ಬಿರುವ ಈ ಸೀಮೆ ಚಿನ್ನಕ್ಕೆ ಹೆಸರಾದದ್ದು. ಆದರೆ ಆ ಚಿನ್ನವನ್ನು ಹೊರಜಗತ್ತಿಗೆ ತೋರಿಸಿದವರು ಯುದ್ಧಗಳಿಂದ ಬಂದ ಸೈನಿಕರು.

ಮೈಸೂರು ಯುದ್ಧಗಳು. ಹೈದರ್ ಅಲಿ ಹುಟ್ಟಿದ್ದು ಬಂಗಾರಪೇಟೆ ತಾಲ್ಲೂಕಿನ ಬೂದಿಕೋಟೆಯಲ್ಲಿ. ಅವನ ತಂದೆ ಫತೇ ಮಹಮ್ಮದನ ಗೋರಿ ಕೋಲಾರದಲ್ಲಿದೆ. ಕೋಲಾರ 1768ರಲ್ಲಿ ಬ್ರಿಟಿಷರ, 1770ರಲ್ಲಿ ಮರಾಠರ, 1791ರಲ್ಲಿ ಬ್ರಿಟಿಷ್ ಸೇನಾನಿ ಕಾರ್ನ್‌ವಾಲಿಸನ ವಶವಾಯಿತು. 1792ರ ಒಪ್ಪಂದದಂತೆ ಮೈಸೂರಿಗೆ ಮರಳಿತು.

ವಾರನ್. 1799ರಲ್ಲಿ ಹೈದರನ ಮಗ ಟಿಪ್ಪು ಮಡಿದ ಮೇಲೆ ಮೈಸೂರಿನ ಗಡಿಯನ್ನು ಹೊಸದಾಗಿ ಅಳೆಯಬೇಕಾಯಿತು. 1802ರಲ್ಲಿ ಆ ಕೆಲಸಕ್ಕೆ ಬಂದ 33ನೆಯ ರೆಜಿಮೆಂಟಿನ ಲೆಫ್ಟಿನೆಂಟ್ ಜಾನ್ ವಾರನ್ ಫ್ರೆಂಚ್ ಮನೆತನದವನು. ಕ್ರಾಂತಿಯಿಂದ ಒಡೆದುಹೋದ ಫ್ರಾನ್ಸಿನಿಂದ ದೂರವಾಗಿ ಬ್ರಿಟಿಷ್ ಸೇನೆ ಸೇರಿದ್ದ. ಚಿನ್ನ ತೋರಿಸಿದವರಿಗೆ ಬಹುಮಾನ ಕೊಡುವೆನೆಂದು ಸಾರಿದಾಗ, ಹಳ್ಳಿಗರು ಗಾಡಿಗಳಲ್ಲಿ ಮಣ್ಣು ತಂದು ಅವನೆದುರೇ ತೊಳೆದು ಚಿನ್ನದ ಹುಡಿ ತೆಗೆದರು. ಸುಮಾರು 56 ಕಿಲೋ ಮಣ್ಣಿಗೆ ಒಂದು ಗ್ರೇನ್ ಚಿನ್ನ ಸಿಗುವುದೆಂದು ಅವನು ಲೆಕ್ಕ ಹಾಕಿದ. ಇದು ಸ್ಥಳೀಯರಿಗೆ ಮೊದಲೇ ಗೊತ್ತಿದ್ದ ವಿದ್ಯೆ. ವಾರನ್ ಮಾಡಿದ್ದು ಅದನ್ನು ದಾಖಲಿಸುವ ಕೆಲಸ. ಅವನು ಮುಂದೆ ಮದರಾಸಿನ ವೀಕ್ಷಣಾಲಯದಲ್ಲಿ ಖಗೋಳಜ್ಞನಾಗಿಯೂ ದುಡಿದ.

ಲೆವೆಲ್. ಐರ್ಲೆಂಡಿನ ಮೈಕೆಲ್ ಫಿಟ್ಜ್‌ಜೆರಾಲ್ಡ್ ಲೆವೆಲ್ ನ್ಯೂಜಿಲೆಂಡಿನಲ್ಲಿ ಮಾವೋರಿಗಳ ವಿರುದ್ಧ ನಡೆದ ಯುದ್ಧದಲ್ಲಿ ಕಾದಾಡಿ ಬೆಂಗಳೂರಿನಲ್ಲಿ ನೆಲೆಸಿದ್ದ. ವಾರನ್ ಬರೆದದ್ದನ್ನು ಓದಿ 1871ರಲ್ಲಿ ಎತ್ತಿನ ಗಾಡಿಯಲ್ಲಿ ಕೋಲಾರದತ್ತ ಹೊರಟ. 1875ರಲ್ಲಿ ಇಪ್ಪತ್ತು ವರ್ಷಗಳ ಪರವಾನಗಿ ದೊರೆತರೂ ಬಂಡವಾಳ ಸಾಲದೆ, 1877ರಲ್ಲಿ ಹಕ್ಕನ್ನು ಸೇನಾಧಿಕಾರಿ ಬೆರೆಸ್‌ಫರ್ಡ್ ಮತ್ತು ಸಂಗಡಿಗರಿಗೆ ಬಿಟ್ಟುಕೊಟ್ಟ. 1880ರಲ್ಲಿ ಜಾನ್ ಟೇಲರ್ ಅಂಡ್ ಸನ್ಸ್ ಕಂಪನಿ ಬಂದ ಮೇಲೆ ಗಣಿಗಾರಿಕೆ ಗಟ್ಟಿಯಾಗಿ ನೆಲೆಯೂರಿತು.

ಗಣಿಯಿಂದ ರಕ್ಷಣಾ ಕಾರ್ಖಾನೆಗೆ. ಆಗ ಬೌರಿಂಗ್‌ಪೇಟೆ ಎನಿಸಿಕೊಂಡಿದ್ದ ಬಂಗಾರಪೇಟೆಯಿಂದ ಮಾರಿಕುಪ್ಪಂಗೆ ರೈಲು, 1902ರಲ್ಲಿ ಶಿವನಸಮುದ್ರದಿಂದ ವಿದ್ಯುತ್ತು ಬಂದವು. ಗಣಿ 1956ರಲ್ಲಿ ಮೈಸೂರು ಸರ್ಕಾರದ, 1962ರಲ್ಲಿ ಕೇಂದ್ರದ ಕೈಸೇರಿತು. 1964ರಲ್ಲಿ ರಕ್ಷಣಾ ಸಚಿವಾಲಯದಡಿ ಬಿಇಎಂಎಲ್ (ಭಾರತ್ ಅರ್ಥ್ ಮೂವರ್ಸ್ ಲಿಮಿಟೆಡ್) ಸ್ಥಾಪನೆಯಾಯಿತು. ಅದರ ಇಲ್ಲಿನ ಕಾರ್ಖಾನೆ ಮಣ್ಣು ಅಗೆಯುವ ಯಂತ್ರಗಳ ಜೊತೆಗೆ ಸೇನೆಗೆ ಬೇಕಾದ ಸಲಕರಣೆಗಳನ್ನೂ ತಯಾರಿಸುತ್ತದೆ. 2001ರಲ್ಲಿ ಗಣಿಗಳು ಮುಚ್ಚಿದವು, ಕಾರ್ಖಾನೆ ಉಳಿಯಿತು.

ಸ್ಮರಣೆ. ಲೆವೆಲ್‌ನ ಹೆಸರು ಬೆಂಗಳೂರಿನ ಒಂದು ರಸ್ತೆಯಲ್ಲಿ ಉಳಿದಿದೆ. ಮಣ್ಣು ತೊಳೆದು ಚಿನ್ನ ತೋರಿಸಿದ ಹಳ್ಳಿಗರ ಹೆಸರು ಯಾವ ರಸ್ತೆಗೂ ಬರಲಿಲ್ಲ.