ಲಿಮಿಟ್ ಸ್ವಿಚ್: ಫರ್ನೇಸ್ ಮಿತಿಮೀರಿ ಕಾದಾಗ

ಅಮೆರಿಕ, ಕೆನಡಾದ ಚಳಿಸೀಮೆಗಳಲ್ಲಿ ಮನೆ ಬೆಚ್ಚಗಿಡಲು ನೆಲಮಾಳಿಗೆಯಲ್ಲಿ ಗ್ಯಾಸ್ ಫರ್ನೇಸ್ ಇರುವುದು ಸಾಮಾನ್ಯ. ಉರಿ ಲೋಹದ ಕೊಳವೆಗಳನ್ನು ಒಳಗಿನಿಂದ ಕಾಯಿಸುತ್ತದೆ. ಫ್ಯಾನು ಅವುಗಳ ಹೊರಮೈ ಸವರಿದ ಗಾಳಿಯನ್ನು ಕೋಣೆಗಳಿಗೆ ತಳ್ಳುತ್ತದೆ. ಗಾಳಿ ಸಾಲದಾದರೆ ಕೊಳವೆ ವಿಪರೀತ ಕಾಯುತ್ತದೆ. ಆಗ ಉರಿ ಆರಿಸುವುದು ಈ ಲಿಮಿಟ್ ಸ್ವಿಚ್.

ಇದರ ತುದಿಯ ಪುಟ್ಟ ಬಿಲ್ಲೆಯನ್ನು ನೋಡಿ. ಬೇರೆ ಬೇರೆ ಪ್ರಮಾಣದಲ್ಲಿ ಹಿಗ್ಗುವ ಎರಡು ಲೋಹಗಳನ್ನು ಬೆಸೆದ ತೆಳು ತಗಡು ಅದು. ನಿಗದಿತ ಶಾಖ ಮುಟ್ಟಿದೊಡನೆ (ಹಲವು ಮಾದರಿಗಳಲ್ಲಿ 200 ಡಿಗ್ರಿ ಫ್ಯಾರನ್‌ಹೀಟ್, ಅಂದರೆ ಸುಮಾರು 93 ಸೆಲ್ಸಿಯಸ್) ಟಕ್ಕೆಂದು ಮಗುಚಿ ಸಂಪರ್ಕ ಕಡಿಯುತ್ತದೆ. ಗ್ಯಾಸ್ ವಾಲ್ವ್ ಮುಚ್ಚಿಕೊಳ್ಳುತ್ತದೆ. 18ನೇ ಶತಮಾನದಲ್ಲಿ ಇಂಗ್ಲೆಂಡಿನ ಜಾನ್ ಹ್ಯಾರಿಸನ್ ಹಡಗಿನ ಗಡಿಯಾರಕ್ಕೆಂದು ರೂಪಿಸಿದ ಜೋಡಿಲೋಹದ ಪಟ್ಟಿಯೇ ಇದರ ಮೂಲ. ನಮ್ಮ ಕರೆಂಟ್ ಇಸ್ತ್ರಿಪೆಟ್ಟಿಗೆಯೊಳಗೂ ಇದೇ ತತ್ವ.

ಫರ್ನೇಸ್ ಹೊತ್ತಿ, ಕೆಲ ನಿಮಿಷಕ್ಕೇ ಆರಿ, ಫ್ಯಾನು ಮಾತ್ರ ತಿರುಗುತ್ತಿದ್ದರೆ ಸ್ವಿಚ್ಚೇ ಕೆಟ್ಟಿತೆಂದು ಹಲವರು ಭಾವಿಸುತ್ತಾರೆ. ಸಾಮಾನ್ಯವಾಗಿ ತಪ್ಪು ಅದರದ್ದಲ್ಲ. ಮೊದಲು ಏರ್ ಫಿಲ್ಟರನ್ನು ಬೆಳಕಿಗೆ ಹಿಡಿದು ನೋಡಬೇಕು. ದೂಳು ಕಟ್ಟಿ ಬೆಳಕು ತೂರದಿದ್ದರೆ ಬದಲಿಸಬೇಕು. ಸೋಫಾ ಹಿಂದೆ ಮುಚ್ಚಿಹೋದ ಗಾಳಿಕಿಂಡಿಗಳನ್ನು ತೆರೆಯಬೇಕು. ಆಮೇಲೂ ಆರಿದರೆ ಮೋಟಾರು, ತಂತಿ, ಸ್ವಿಚ್ಚಿನ ಪರೀಕ್ಷೆ ಮೆಕ್ಯಾನಿಕ್ಕರ ಕೆಲಸ.

ತಂತಿಗಳನ್ನು ನೇರ ಜೋಡಿಸಿ ಸ್ವಿಚ್ಚನ್ನು ತಪ್ಪಿಸುವುದು ಮಾತ್ರ ಎಂದಿಗೂ ಕೂಡದು. ಅತಿಯಾಗಿ ಕಾದ ಲೋಹ ಬಿರುಕುಬಿಟ್ಟರೆ ಬಣ್ಣವಿಲ್ಲದ, ವಾಸನೆಯಿಲ್ಲದ ಕಾರ್ಬನ್ ಮಾನಾಕ್ಸೈಡ್ ಮನೆಯ ಗಾಳಿಗೆ ಬೆರೆತು ಜೀವ ತೆಗೆಯಬಹುದು.

ಫರ್ನೇಸಿನಲ್ಲಿರುವ ಗುಂಡಿಯುಳ್ಳ ಇನ್ನೊಂದು ಸ್ವಿಚ್ ಬೇರೆ ಜಾತಿಯದು. ಉರಿ ತನ್ನ ಜಾಗ ಬಿಟ್ಟು ಹೊರಚಾಚಿದಾಗ ಅದು ಕೆಲಸ ಮಾಡುತ್ತದೆ. ತಾನಾಗಿ ಮರಳಿ ಜೋಡಣೆಗೊಳ್ಳುವುದಿಲ್ಲ. ಕಾರಣ ಪತ್ತೆಯಾದ ಮೇಲೆಯೇ ಗುಂಡಿ ಒತ್ತಬೇಕು.