ಕೃಷ್ಣೆಯ ಉಗಮದ ಬಳಿ ಚೀನೀಯರ ತೋಟಗಳು

ಪುಣೆಯಿಂದ ವಾಯಿ, ಪಂಚಗಣಿಗಳ ಮಾರ್ಗವಾಗಿ ಮಹಾಬಳೇಶ್ವರಕ್ಕೆ ಹೋಗುವ ಕನ್ನಡಿಗರಿಗೆ ಆ ಗಿರಿಧಾಮ ಪರಸ್ಥಳವೆನಿಸುವುದಿಲ್ಲ. ನಮ್ಮ ಕೃಷ್ಣೆ ಹುಟ್ಟುವುದು ಅಲ್ಲಿಯೇ. ಪಂಚಗಂಗಾ ದೇಗುಲದಲ್ಲಿ ಕೈಮುಗಿದ ಬಳಿಕ ನೋಡುವ ತಾಣಗಳ ಪಟ್ಟಿಯಲ್ಲಿ ‘ಚೈನಾಮನ್ ಜಲಪಾತ’ ಎಂಬ ಹೆಸರೂ ಒಂದು. ಸಹ್ಯಾದ್ರಿಯ ನೆತ್ತಿಯ ಮೇಲಿನ ನೀರಿಗೆ ಚೀನೀಯನ ಹೆಸರು ಬಂದುದೇಕೆ ಎಂದು ವಿಚಾರಿಸುವವರು ವಿರಳ. ವಿಚಾರಿಸಿದರೆ ಉತ್ತರ ನಮ್ಮನ್ನು ಒಂದು ಸೆರೆಮನೆಗೆ ಕರೆದೊಯ್ಯುತ್ತದೆ.

1827ರಿಂದ 1830ರವರೆಗೆ ಬೊಂಬಾಯಿಯ ಗವರ್ನರನಾಗಿದ್ದ ಸರ್ ಜಾನ್ ಮಾಲ್ಕಂ ಸಾತಾರೆಯ ಮಹಾರಾಜ ಪ್ರತಾಪಸಿಂಹನಿಂದ ಈ ಬೆಟ್ಟವನ್ನು ಪಡೆದು ಗಿರಿಧಾಮವನ್ನಾಗಿಸಿದ. ದಟ್ಟ ಕಾಡಿನ ನಡುವೆ ರಸ್ತೆಗಳಾಗಬೇಕಿತ್ತು. ಬೇಸಿಗೆಗೆ ಬರುವ ಬಿಳಿಯರಿಗೆ ತಾಜಾ ತರಕಾರಿ ಬೇಕಿತ್ತು. ಅದೇ ಕಾಲದಲ್ಲಿ ಪಿನಾಂಗ್, ಮಲಾಕ್ಕಾ, ಸಿಂಗಾಪುರಗಳು ಒಂದೇ ಆಡಳಿತಕ್ಕೊಳಪಟ್ಟ ಬ್ರಿಟಿಷ್ ವಸಾಹತುಗಳಾಗಿದ್ದವು. ಅಲ್ಲಿನ ನ್ಯಾಯಾಲಯಗಳು ಗಡೀಪಾರಿನ ಶಿಕ್ಷೆ ವಿಧಿಸಿದ ಚೀನೀ ಮತ್ತು ಮಲಯ ಕೈದಿಗಳನ್ನು ಹಡಗಿನಲ್ಲಿ ಭಾರತಕ್ಕೆ ಕಳುಹಿಸಲಾಗುತ್ತಿತ್ತು. ಅವರಲ್ಲಿ ಕೆಲವರು 1830ರ ದಶಕದಲ್ಲಿ ಮಹಾಬಳೇಶ್ವರದ ಸೆರೆಮನೆಗೆ ಬಂದರು. ಬೆಟ್ಟದ ರಸ್ತೆಗಳಿಗಾಗಿ ದುಡಿದರು, ಆಲೂಗಡ್ಡೆ ಮೊದಲಾದ ತರಕಾರಿಗಳನ್ನು ಬೆಳೆದರು, ಬೆತ್ತದ ಬುಟ್ಟಿಗಳನ್ನು ಹೆಣೆದರು. 1864ರಲ್ಲಿ ಆ ಸೆರೆಮನೆ ಮುಚ್ಚಿತು. ಜಲಪಾತದ ಸಮೀಪವಿದ್ದ ಅವರ ತೋಟಗಳಿಂದಲೇ ಅದಕ್ಕೆ ಆ ಹೆಸರು ಬಂದಿತು.

ಈ ಸಾಗಾಟ ಏಕಮುಖವಾದುದಲ್ಲ. 1825ರಿಂದ ಭಾರತದ ಕೈದಿಗಳು ಸಿಂಗಾಪುರಕ್ಕೆ ಹೋಗುತ್ತಿದ್ದರು. ಆ ನಗರದ ಸೇಂಟ್ ಆಂಡ್ರೂಸ್ ಕೆಥೆಡ್ರಲ್ ಕಟ್ಟಿದ ಕೈಗಳು ಭಾರತೀಯ ಕೈದಿಗಳವು. ಧಾರವಾಡ, ಬೆಳಗಾವಿಗಳೂ ಆಗ ಬೊಂಬಾಯಿ ಪ್ರಾಂತದಲ್ಲಿಯೇ ಇದ್ದವೆಂಬುದನ್ನು ನೆನೆದರೆ ಈ ಕಥೆ ನಮಗೆ ದೂರದ್ದಲ್ಲ. ನೆಲ, ನುಡಿ, ನಂಟರಿಂದ ಬೇರ್ಪಡಿಸಿದ ಮನುಷ್ಯ ಓಡಿಹೋಗಲು ದಾರಿ ಕಾಣದೆ ದುಡಿಯುತ್ತಾನೆ ಎಂಬುದೇ ಕಂಪನಿ ಸರಕಾರದ ಲೆಕ್ಕಾಚಾರ.

ಮೈಸೂರಿನಿಂದ ಗೂಡಲೂರಿನ ಮೂಲಕ ಊಟಿಗೆ ಹೋಗುವವರು ನಡುವಟ್ಟಂ ಎಂಬ ಊರನ್ನು ದಾಟುತ್ತಾರೆ. 1860ರ ದಶಕದಲ್ಲಿ ಅಲ್ಲಿನ ಸಿಂಕೋನಾ ತೋಟಗಳಲ್ಲಿಯೂ ಚೀನೀ ಕೈದಿಗಳು ದುಡಿದರು. ಮಲೇರಿಯಾಕ್ಕೆ ಮದ್ದಾದ ಕ್ವಿನೈನ್ ಆ ಮರದ ತೊಗಟೆಯಿಂದ ಬರುತ್ತಿತ್ತು. ಬಿಡುಗಡೆಯಾದ ಕೆಲವರು ತಮಿಳು ಹೆಂಗಸರೊಡನೆ ಸಂಸಾರ ಹೂಡಿ, ನಡುವಟ್ಟಂ ಮತ್ತು ಗೂಡಲೂರುಗಳ ನಡುವೆ ನೆಲೆಸಿ, ತರಕಾರಿ, ಕಾಫಿ ಬೆಳೆದು, ಹಸು ಸಾಕಿ ಬದುಕಿದರು. ಎಡ್ಗರ್ ಥರ್ಸ್ಟನ್ 1909ರಲ್ಲಿ ಪ್ರಕಟಿಸಿದ ದಕ್ಷಿಣ ಭಾರತದ ಜಾತಿ-ಬುಡಕಟ್ಟುಗಳ ಸಂಪುಟಗಳಲ್ಲಿ ಈ ಕುಟುಂಬಗಳನ್ನು ದಾಖಲಿಸಿದ್ದಾನೆ. ಅವನಿಗೆ ಮುಖ್ಯವಾದದ್ದು ಮೈಬಣ್ಣ, ಮೂಗು, ಕಣ್ಣುಗಳ ಅಳತೆ. ಅವರು ಯಾವ ಭಾಷೆಯಲ್ಲಿ ಮಕ್ಕಳನ್ನು ಮಲಗಿಸುತ್ತಿದ್ದರು ಎಂಬ ಪ್ರಶ್ನೆ ಅವನನ್ನು ಕಾಡಲಿಲ್ಲ.

ತಾವಾಗಿಯೇ ಬಂದವರ ಚರಿತ್ರೆ ಬೇರೆ. ಹದಿನೆಂಟನೆಯ ಶತಮಾನದ ಕೊನೆಯ ಭಾಗದಲ್ಲಿ ವಾರನ್ ಹೇಸ್ಟಿಂಗ್ಸ್‌ನಿಂದ ಭೂಮಿ ಪಡೆದು ಹೂಗ್ಲಿಯ ದಂಡೆಯಲ್ಲಿ ಸಕ್ಕರೆ ಕಾರ್ಖಾನೆ ತೆರೆದ ಟಾಂಗ್ ಅಚೂನ ಹೆಸರಿನಲ್ಲಿ ಇಂದಿಗೂ ಅಚೀಪುರವೆಂಬ ಊರಿದೆ. ಆ ಬಳಿಕ ಬಂದ ಬಡಗಿಗಳು, ಚಮ್ಮಾರರು, ದಂತವೈದ್ಯರು ಕಲ್ಕತ್ತೆಯಲ್ಲಿ ನೆಲೆಯೂರಿದರು. ಮುಂಬಯಿಯ ಮಝಗಾಂವ್‌ನಲ್ಲಿ 1919ರಲ್ಲಿ ಚೀನೀ ದೇವಾಲಯವೊಂದು ಎದ್ದಿತು. ಒಡೆಯನಾಗಿ ಬಂದವನ ಹೆಸರು ಊರಿಗೆ ಉಳಿಯಿತು. ಕೈದಿಯಾಗಿ ಬಂದವರಿಗೆ ಉಳಿದದ್ದು ಅವರ ದೇಶದ ಹೆಸರು ಮಾತ್ರ.

ಆದರೆ 1962ರಲ್ಲಿ ಈ ಅಂತರವೂ ಅಳಿಯಿತು. ಅಕ್ಟೋಬರ್ 20ರಂದು ಗಡಿಯಲ್ಲಿ ಯುದ್ಧ ಆರಂಭವಾದ ಮೇಲೆ ಅಸ್ಸಾಂ, ಬಂಗಾಳಗಳ ಕಡೆಯಿಂದ ಸುಮಾರು 3,000 ಚೀನೀ ಮೂಲದವರನ್ನು ರೈಲಿನಲ್ಲಿ ರಾಜಸ್ಥಾನದ ದೇವಳಿಯ ಶಿಬಿರಕ್ಕೆ ಸಾಗಿಸಲಾಯಿತು. ಅವರಲ್ಲಿ ಅನೇಕರು ಇಲ್ಲಿಯೇ ಹುಟ್ಟಿದವರು. ಅಸ್ಸಾಮಿ, ಬಂಗಾಳಿ, ನೇಪಾಳಿ ಬಲ್ಲವರು. ಹಲವರು 1963ರಲ್ಲಿ ಮದ್ರಾಸಿನಿಂದ ಹಡಗು ಹತ್ತಿ, ತಾವೆಂದೂ ಕಾಣದ ಚೀನಾಕ್ಕೆ ಹೋದರು. ಕೆಲವರು ವರ್ಷಗಟ್ಟಲೆ ಶಿಬಿರದಲ್ಲಿಯೇ ಉಳಿದರು. ಹೊರಬಂದವರಿಗೆ ಮನೆ, ಅಂಗಡಿಗಳು ಕೈತಪ್ಪಿದ್ದವು. ಅನೇಕರು ಕೆನಡಾದ ಟೊರಾಂಟೊ ಸೇರಿದರು. ಅಲ್ಲಿ ಅವರು ಭಾರತದಿಂದ ಬಂದ ಚೀನೀಯರು. ಎರಡು ಸಲ ವಲಸಿಗರು.

ತಲೆಮಾರುಗಳ ದುಡಿಮೆ, ನೆರೆಹೊರೆ, ಭಾಷೆ, ಇವು ಯಾವುವೂ ಒಂದು ತಿಂಗಳ ಯುದ್ಧದ ಎದುರು ನಿಲ್ಲಲಿಲ್ಲ. ಯಾರು ನೆಲದವರು, ಯಾರು ಹೊರಗಿನವರು ಎಂಬುದು ಮುಖ ನೋಡಿ ತೀರ್ಮಾನವಾಯಿತು. ಹೊರನಾಡಿನಲ್ಲಿ ಬದುಕು ಕಟ್ಟಿಕೊಂಡ ನಾವು ಈ ಪ್ರಸಂಗವನ್ನು ನೆರೆಯವರ ಕಥೆಯೆಂದು ಬದಿಗಿಡಲಾಗದು. ನಮಗೆ ಸಂವಿಧಾನದ ರಕ್ಷೆಯಿದೆ, ನಿಜ. ಆದರೂ ಪರಸ್ಥಳದಲ್ಲಿ ಬೇರೂರುವುದು ಕೇವಲ ನಮ್ಮ ದುಡಿಮೆಯ ಫಲವಲ್ಲ, ಸುತ್ತಲಿನವರ ವಿಶ್ವಾಸದ ಫಲವೂ ಹೌದು ಎಂಬುದನ್ನು ದೇವಳಿಯ ಚರಿತ್ರೆ ತಿಳಿಸುತ್ತದೆ.

ಮಹಾಬಳೇಶ್ವರದಲ್ಲಿ ಇಂದು ಆ ಕೈದಿಗಳ ವಂಶವನ್ನು ಸೂಚಿಸುವ ಫಲಕವಿಲ್ಲ. ಮಳೆಗಾಲದಲ್ಲಿ ಚೈನಾಮನ್ ಜಲಪಾತ ತುಂಬಿ ಹರಿಯುತ್ತದೆ, ಪ್ರವಾಸಿಗರು ಚಿತ್ರ ತೆಗೆಯುತ್ತಾರೆ. ಮುಂದಿನ ಸಲ ಕೃಷ್ಣೆಯ ದರ್ಶನಕ್ಕೆ ಹೋದಾಗ ಆ ಹೆಸರಿನ ಹಿಂದಿರುವವರನ್ನು ಮಕ್ಕಳಿಗೆ ಪರಿಚಯಿಸಿದರೆ, ಬೆಟ್ಟ ಹತ್ತಿಬಂದ ರಸ್ತೆಯ ಋಣ ಒಂದಿಷ್ಟಾದರೂ ಸಂದೀತು.